ನಂಬರಮ್ಮನೂ ಇಪ್ಪತ್ತಮೂರನೇ ಡ್ರೈವರೂ

ನಮ್ಮ ಬಸ್ ಡಿಪೋದಲ್ಲಿ ಅವರ ನಿಜವಾದ ಹೆಸರು ಹಾಜರಿ ಪುಸ್ತಕದಲ್ಲಿ ಮಾತ್ರ ಇತ್ತು. ಮಿಕ್ಕಂತೆ ಮ್ಯಾನೇಜರಿಂದ ಹಿಡಿದು ಬಸ್ ತೊಳೆಯುವವರ ತನಕ ಎಲ್ಲರಿಗೂ ಅವರು ನಂಬರಮ್ಮ. ಬಿಡಿಭಾಗಗಳ ಸ್ಟೋರು ಅವರ ಕೈಯಲ್ಲಿತ್ತು. ನಾನು ಅಲ್ಲಿ ಟೈಮ್ ಕೀಪರ್. ನನ್ನ ಗೂಡಿನಂಥ ಕೋಣೆಯ ಕಿಟಕಿಗೂ ಅವರ ಕೌಂಟರಿಗೂ ನಡುವೆ ಇದ್ದದ್ದು ಹತ್ತು ಹೆಜ್ಜೆ. ಹದಿನೇಳು ವರ್ಷ ಆ ಹತ್ತು ಹೆಜ್ಜೆಯ ಆಚೆಯಿಂದ ಕಂಡದ್ದನ್ನೇ ಇಲ್ಲಿ ಹೇಳುತ್ತಿದ್ದೇನೆ.

ಸ್ಟೋರಿನಲ್ಲಿ ಸೂರು ಮುಟ್ಟುವ ಕಬ್ಬಿಣದ ರ‍್ಯಾಕುಗಳು, ಅವುಗಳ ತುಂಬ ರಟ್ಟಿನ ಡಬ್ಬಿಗಳು. ಗ್ರೀಸು, ಹೊಸ ರಬ್ಬರು ಮತ್ತು ಹಳೆಯ ಧೂಳು ಸೇರಿದ ಒಂದು ವಾಸನೆ. ಮನೆಗೆ ಹೋಗಿ ಸ್ನಾನ ಮಾಡಿದರೂ ಅದು ಬಟ್ಟೆ ಬಿಡುತ್ತಿರಲಿಲ್ಲ. ನಾಲ್ಕು ಸಾವಿರ ಬಗೆಯ ಸಾಮಾನು, ಒಂದೊಂದಕ್ಕೂ ಹನ್ನೊಂದು ಅಕ್ಷರ-ಅಂಕಿಗಳ ನಂಬರು. ಹಿಂದೆ ಇದ್ದವರು ಅದನ್ನು ಬಾಯಿಪಾಠ ಮಾಡುತ್ತಿದ್ದರು, ಮರೆಯುತ್ತಿದ್ದರು, ಹುಡುಕಿ ಬೈಸಿಕೊಳ್ಳುತ್ತಿದ್ದರು. ಇವರು ಬಾಯಿಪಾಠದ ಗೊಡವೆಗೇ ಹೋಗಲಿಲ್ಲ. ನಂಬರನ್ನು ಓದಲು ಕಲಿತರು. ಮೊದಲ ಎರಡು ಅಕ್ಷರ ತಯಾರಿಸಿದವರ ಗುರುತು, ಮುಂದಿನ ಮೂರು ಅಂಕಿ ಬಸ್ಸಿನ ಯಾವ ಅಂಗಕ್ಕೆ ಸೇರಿದ್ದು ಎಂಬುದು, ಆಮೇಲೆ ಅಳತೆ, ಕಡೆಯ ಒಂದೇ ಅಕ್ಷರ ಅದು ಎಷ್ಟನೇ ಸಲ ತಿದ್ದಿ ಮಾಡಿದ ಮಾಲು ಎಂಬುದು.

"ನಂಬರನ್ನ ಯಾರೂ ಸುಮ್‌ಸುಮ್ನೆ ಬರೆದಿರಲ್ಲ ಅಣ್ಣ," ಎಂದು ಒಮ್ಮೆ ನನಗೆ ಹೇಳಿದರು. "ಯಾರೋ ಒಬ್ಬ ಕೂತು ಯೋಚನೆ ಮಾಡಿ ಇಟ್ಟಿರ್ತಾನೆ. ಅವನ ತಲೇಲಿ ಏನಿತ್ತು ಅಂತ ಹಿಡಿದರೆ ಮುಗೀತು."

ಇದು ಬರಿಯ ಮಾತಲ್ಲ ಎಂದು ಎಲ್ಲರಿಗೂ ತಿಳಿದದ್ದು ಬ್ರೇಕ್ ಫಿಟ್ಟರನ ಜಗಳದಿಂದ. ಆತ ಕುಳ್ಳ, ಮೂಗಿನ ತುದಿಯಲ್ಲೇ ಸಿಟ್ಟು. ಹೊಸದಾಗಿ ಬಂದ ಬ್ರೇಕ್ ಲೈನಿಂಗುಗಳ ಪೆಟ್ಟಿಗೆಯನ್ನು ನಂಬರಮ್ಮ ಕೊಡುವುದಿಲ್ಲ ಎಂದು ಕೂತರು. ಕಡೆಯ ಅಕ್ಷರ ಡಿ ಇರಬೇಕು, ಸಿ ಇದೆ, ಇದು ಹಳೆಯ ಮಾಲು ಎಂಬುದು ಅವರ ವಾದ. "ಒಂದು ಅಕ್ಷರಕ್ಕೋಸ್ಕರ ಆರು ಬಸ್ ನಿಲ್ಲಿಸ್ತೀಯಾ?" ಎಂದು ಫಿಟ್ಟರ್ ಡಿಪೋ ಕಿತ್ತುಹೋಗುವಂತೆ ಕೂಗಾಡಿದ. ಮ್ಯಾನೇಜರು ಬಂದು ಅಳತೆ ತೆಗೆಸಿದರು. ಲೈನಿಂಗು ಎರಡು ಮಿಲಿಮೀಟರ್ ತೆಳ್ಳಗಿತ್ತು. ಫಿಟ್ಟರ್ ಒಂದು ವಾರ ಸ್ಟೋರಿನ ಕಡೆ ತಲೆ ಹಾಕಲಿಲ್ಲ. ಎಂಟನೇ ದಿನ ಬಂದು, "ಅಕ್ಕಾ, ಒಂದು ವೀಲ್ ನಟ್ ಕೊಡಿ," ಎಂದ. ವಯಸ್ಸಿನಲ್ಲಿ ಆತ ಅವರಿಗಿಂತ ಆರು ವರ್ಷ ದೊಡ್ಡವ. ಅಂದಿನಿಂದ ಅಕ್ಕ ಎಂದವನು ಕೊನೆಯವರೆಗೂ ಹಾಗೆಯೇ ಕರೆದ.

ಡಿಪೋಗೆ ಕಂಪ್ಯೂಟರುಗಳು ಬಂದಾಗ ನಂಬರಮ್ಮನಿಗೆ ನಲವತ್ತೊಂಬತ್ತು. ಒಟ್ಟು ಹನ್ನೊಂದು. ಎಲ್ಲವನ್ನೂ ನೋಡಿಕೊಳ್ಳುವ ಕೆಲಸ ಮ್ಯಾನೇಜರು ಇವರ ತಲೆಗೆ ಕಟ್ಟಿದರು.

"ನಂಗ್ಯಾಕೆ ಸಾರ್? ನಾನು ನಟ್ಟು ಬೋಲ್ಟು ಎಣಿಸೋಳು."

"ಈ ಡಿಪೋದಲ್ಲಿ ಇಟ್ಟ ವಸ್ತು ಇಟ್ಟ ಕಡೆ ಇರೋದು ನಿಮ್ಮ ಸ್ಟೋರಲ್ಲಿ ಮಾತ್ರ. ಅದಕ್ಕೆ."

ಹದಿನೈದು ದಿನ ತರಬೇತಿಗೆ ಹೋಗಿ ಬಂದರು. ನಾವೆಲ್ಲ ಒಳಗೊಳಗೇ ನಗಲು ತಯಾರಾಗಿದ್ದೆವು. ನಗುವ ಅವಕಾಶ ಸಿಗಲಿಲ್ಲ. ತಿಂಗಳೊಪ್ಪತ್ತಿನಲ್ಲಿ ಪ್ರಿಂಟರು, ಡೀಸೆಲ್ ಪಂಪಿನ ಮೀಟರು, ಬ್ರೇಕ್ ಪರೀಕ್ಷೆಯ ಯಂತ್ರ, ಎಲ್ಲವನ್ನೂ ಅವರೇ ಕಂಪ್ಯೂಟರಿಗೆ ಜೋಡಿಸಿ ಕೂರಿಸಿದ್ದರು.

ಅವರ ಗಂಡ ನಮ್ಮದೇ ಡಿಪೋದ ಬಸ್ ಡ್ರೈವರ್, ಮಾತು ಕಡಿಮೆ. ಆ ಕೊರತೆಯನ್ನು ತುಂಬಲೆಂದೇ ಮನೆಯಲ್ಲಿ ಅತ್ತೆ ಇದ್ದರು. ಒಂದು ಸಂಜೆ ಊಟಕ್ಕೆ ಕೂತಾಗ ಸೊಸೆ, "ಇವತ್ತು ಮೂರು ಡ್ರೈವರ್ ಹಾಕಿದೆ," ಎಂದದ್ದೇ ತಡ, ಅತ್ತೆ ಕೈ ನಿಲ್ಲಿಸಿದರು.

"ಡ್ರೈವರನ್ನ ಹಾಕೋದು ತೆಗೆಯೋದು ಮ್ಯಾನೇಜರ ಕೆಲಸ ಅಲ್ವೇನೆ?"

"ಆ ಡ್ರೈವರಲ್ಲ ಅತ್ತೆ. ಕಂಪ್ಯೂಟರಿಗೆ ಪ್ರಿಂಟರಿನ ಭಾಷೆ ಬರಲ್ಲ, ಪ್ರಿಂಟರಿಗೆ ಕಂಪ್ಯೂಟರಿನ ಭಾಷೆ ಬರಲ್ಲ. ಮಧ್ಯೆ ಕೂತು ಇಬ್ಬರನ್ನೂ ಮಾತಾಡಿಸೋ ಒಂದು ಸಣ್ಣ ಪ್ರೋಗ್ರಾಂ ಇರುತ್ತೆ. ಅದಕ್ಕೂ ಡ್ರೈವರ್ ಅಂತಲೇ ಹೆಸರು."

"ಹಂಗಾದ್ರೆ ನಾನೂ ಡ್ರೈವರೇ ಬಿಡು. ನೀವಿಬ್ರೂ ಮುಖ ಊದಿಸ್ಕೊಂಡಾಗೆಲ್ಲ ಮಧ್ಯೆ ಕೂತು ಮಾತಾಡಿಸಿದ್ದು ಯಾರು?"

ಗಂಡ ತಲೆ ತಗ್ಗಿಸಿ ನಕ್ಕರಂತೆ. ಈ ಮಾತು ಮರುದಿನವೇ ಡಿಪೋ ತಲುಪಿತು.

ಇಷ್ಟಾಗಿ ಎರಡು ವರ್ಷದ ನಂತರ ಒಂದು ಬೆಳಿಗ್ಗೆ ನಾನು ಡ್ಯೂಟಿಗೆ ಬಂದರೆ ಒಂದು ಬಸ್ಸೂ ಕದಲಿಲ್ಲ. ನೋಟಿಸ್ ಬೋರ್ಡಿನ ಮುಂದೆ ನಲವತ್ತು ಡ್ರೈವರುಗಳು ಗುಂಪುಗೂಡಿ ನಿಂತಿದ್ದಾರೆ. ನುಗ್ಗಿ ಓದಿದೆ. ಹೆಡ್ ಆಫೀಸಿನ ಸುತ್ತೋಲೆಯನ್ನು ನಮ್ಮ ಟೈಪಿಸ್ಟ್ ತನಗೆ ತಿಳಿದಂತೆ ಕನ್ನಡಕ್ಕೆ ಇಳಿಸಿ ಅಂಟಿಸಿದ್ದ: "ಕೆಲವು ಡ್ರೈವರುಗಳಲ್ಲಿ ಗಂಭೀರ ದೋಷ ಪತ್ತೆಯಾಗಿದ್ದು, ಕಳ್ಳರು ಅವರ ಮೂಲಕ ಒಳನುಸುಳುತ್ತಿದ್ದಾರೆ. ಇಪ್ಪತ್ತಮೂರನೇ ಸಂಖ್ಯೆಯ ಡ್ರೈವರನ್ನು ಕೂಡಲೇ ತೆಗೆದುಹಾಕತಕ್ಕದ್ದು."

ಡ್ಯೂಟಿ ಪಟ್ಟಿಯಲ್ಲಿ ಇಪ್ಪತ್ತಮೂರನೆಯವರು ಹಾರ್ನ್ ತಾತ. ನಿವೃತ್ತಿಗೆ ಮೂರು ತಿಂಗಳು ಉಳಿದಿದ್ದ, ಹಾರ್ನ್ ಹೊಡೆಯದೆ ಒಂದು ತಿರುವನ್ನೂ ದಾಟದ ಮನುಷ್ಯ. ಟೋಪಿಯನ್ನು ಕೈಯಲ್ಲಿ ಹಿಡಿದು ನಿಂತಿದ್ದರು. "ಮೂವತ್ತೊಂದು ವರ್ಷ ಗಾಡಿಗೆ ಒಂದು ಗೀರು ಬೀಳಿಸಿಲ್ಲ. ಕಳ್ಳರ ಜೊತೆ ಸೇರಿದೀನಿ ಅಂತ ಬರೆದಿದಾರಲ್ಲಪ್ಪ!"

ನಂಬರಮ್ಮ ಬಂದರು, ಓದಿದರು, ಬೆಂಚಿನ ಮೇಲೆ ಹತ್ತಿ ನಿಂತರು.

"ತಾತ, ಟೋಪಿ ಹಾಕ್ಕೊಳ್ಳಿ. ಇದು ಸ್ಟಿಯರಿಂಗ್ ಹಿಡಿಯೋ ಡ್ರೈವರ್ ಬಗ್ಗೆ ಅಲ್ಲ, ಕಂಪ್ಯೂಟರ್ ಒಳಗಿರೋ ಡ್ರೈವರ್ ಬಗ್ಗೆ. 'ಅವುಗಳ ಮೂಲಕ' ಅಂತ ಬರೆಯೋ ಕಡೆ ಈ ಮಹಾನುಭಾವ 'ಅವರ ಮೂಲಕ' ಅಂತ ಬರೆದಿದಾನೆ. ನಿಮ್ಮ ನೌಕರಿ ಎಲ್ಲೂ ಹೋಗಲ್ಲ. ಹೊರಡಿ, ಜನ ಕಾಯ್ತಾ ಇದಾರೆ."

ನಗು ಎದ್ದಿತು, ಎಂಜಿನ್ನುಗಳೂ ಎದ್ದವು. ಟೈಪಿಸ್ಟ್ ಮಾತ್ರ ಇಡೀ ದಿನ ಡ್ರೈವರುಗಳ ಕಣ್ಣು ತಪ್ಪಿಸಿ ಓಡಾಡಿದ.

ಹನ್ನೊಂದು ಗಂಟೆಗೆ ಹೆಡ್ ಆಫೀಸಿನಿಂದ ಕಂಪ್ಯೂಟರ್ ಸುರಕ್ಷತೆಯ ಅಧಿಕಾರಿ ಬಂದರು. ಸಣಕಲು ಮನುಷ್ಯ, ಮರ್ಯಾದಸ್ಥ. ನಾಲ್ಕು ದಿನದಿಂದ ಡಿಪೋ ಡಿಪೋ ಅಲೆದು ಮುಖ ಬಾಡಿತ್ತು. ವಿಷಯ ಇಷ್ಟು. ಒಬ್ಬ ಕಳ್ಳ ಸುಳ್ಳು ಇಮೇಲ್ ಕಳಿಸಿ ಹೆಡ್ ಆಫೀಸಿನ ಕಂಪ್ಯೂಟರೊಂದನ್ನು ಹೊಕ್ಕಿದ್ದ. ಡ್ರೈವರುಗಳು ಕಂಪ್ಯೂಟರಿನ ಅತಿ ಒಳಗಿನ ಕೋಣೆಯಲ್ಲಿ ಕೆಲಸ ಮಾಡುತ್ತವೆ, ಅವನ್ನು ಯಾರೂ ತಡೆದು ಕೇಳುವುದಿಲ್ಲ. ಅಂಥ ಒಂದು ಡ್ರೈವರಿನಲ್ಲಿ ತಯಾರಕರೇ ಗಮನಿಸದ ಒಂದು ಬಿರುಕಿತ್ತು. ಕಳ್ಳ ಆ ಬಿರುಕಿನಿಂದ ಒಳಕೋಣೆಗೆ ನುಸುಳಿ ಕಾವಲಿನ ಪ್ರೋಗ್ರಾಮನ್ನೇ ಮಲಗಿಸಿಬಿಟ್ಟಿದ್ದ. ಆ ಡ್ರೈವರು ಅಲ್ಲಿ 'ಓಇಎಂ ಇಪ್ಪತ್ತಮೂರು' ಎಂಬ ಫೈಲಿನ ಹೆಸರಿನಲ್ಲಿತ್ತು. ಅದೇ ಹೆಸರಿನದು ಎಲ್ಲೆಲ್ಲಿದೆಯೋ ಅಲ್ಲೆಲ್ಲ ಕಿತ್ತುಹಾಕಿ ಎಂಬುದು ಆಜ್ಞೆ.

ಅಧಿಕಾರಿ ಮೊದಲು ಹೋದದ್ದು ಬ್ರೇಕ್ ಪರೀಕ್ಷೆಯ ಶೆಡ್ಡಿಗೆ. ಅಲ್ಲಿ ಬಸ್ಸಿನ ಚಕ್ರಗಳನ್ನು ಉರುಳೆಗಳ ಮೇಲೆ ನಿಲ್ಲಿಸಿ ತಿರುಗಿಸುತ್ತಾರೆ. ಎಡಗಡೆ ಎಷ್ಟು ಹಿಡಿಯಿತು, ಬಲಗಡೆ ಎಷ್ಟು ಎಂದು ಕಂಪ್ಯೂಟರು ತೋರಿಸಿ ಚೀಟಿ ಕೊಡುತ್ತದೆ. ಚೀಟಿ ಇಲ್ಲದೆ ಬಸ್ಸು ಗೇಟು ದಾಟುವಂತಿಲ್ಲ. ಅಧಿಕಾರಿ ಕೂತು ಹುಡುಕಿದರು. 'ಓಇಎಂ ಇಪ್ಪತ್ತಮೂರು' ಇತ್ತು. ಅಳಿಸಲು ಕೈ ಎತ್ತಿದರು.

"ಸಾರ್, ಒಂದು ನಿಮಿಷ. ಅದನ್ನ ಮುಟ್ಟಬೇಡಿ," ಎಂದರು ನಂಬರಮ್ಮ.

"ಸುತ್ತೋಲೇಲಿ ಇದೇ ಹೆಸರಿದೆಯಮ್ಮ."

"ಅದು ಹೆಸರೇ ಅಲ್ಲ ಸಾರ್, ಟೋಕನ್ ನಂಬರು."

ಅಧಿಕಾರಿ ತಿರುಗಿ ನೋಡಿದರು. ಶೆಡ್ಡಿನ ಬಾಗಿಲಲ್ಲಿ ಫಿಟ್ಟರ್, ನಾನು, ಮ್ಯಾನೇಜರು ನಿಂತಿದ್ದೆವು. ನಂಬರಮ್ಮನ ದನಿಯಲ್ಲಿ ಅಳುಕೂ ಇರಲಿಲ್ಲ, ಜಂಬವೂ ಇರಲಿಲ್ಲ. ಕೌಂಟರಿನ ಹಿಂದೆ ನಿಂತು ನಟ್ಟಿನ ಅಳತೆ ಹೇಳುವ ದನಿಯೇ.

"ನಮ್ಮ ಸ್ಪೇರ್ ಪಾರ್ಟ್ ಲೋಕದಲ್ಲಿ ಓಇಎಂ ಅಂದರೆ ತಯಾರಕರ ಕಡೆಯಿಂದಲೇ ಬಂದ ಮಾಲು. ಇಲ್ಲೂ ಹಾಗೇ. ಹೊರಗಿನ ತಯಾರಕರ ಡ್ರೈವರ್ ಒಳಗೆ ಬಂದಾಗ ಕಂಪ್ಯೂಟರ್ ಅದಕ್ಕೆ ತಾನೇ ಒಂದು ಸಂಖ್ಯೆ ಕೊಡುತ್ತೆ. ಮೊದಲು ಬಂದದ್ದಕ್ಕೆ ಮೊದಲ ಸಂಖ್ಯೆ, ಆಮೇಲೆ ಬಂದದ್ದಕ್ಕೆ ಆಮೇಲಿನದು. ನಿಮ್ಮ ಆಫೀಸಲ್ಲಿ ಇಪ್ಪತ್ತಮೂರನೇದಾಗಿ ಕಳ್ಳಕಿಂಡಿ ಇರೋದು ಬಂದಿರಬಹುದು. ನಮ್ಮಲ್ಲಿ ಇಪ್ಪತ್ತಮೂರನೇದಾಗಿ ಬಂದದ್ದು ಈ ಬ್ರೇಕ್ ಯಂತ್ರದ್ದು. ಬೇಕಾದರೆ ತೆರೆದು ಓದಿ."

ಆ ಫೈಲನ್ನು ಅವರೇ ತೆರೆದು ತೋರಿಸಿದರು. ಹೊರಗೆ ಅರ್ಥವಾಗದ ಹೆಸರು. ಒಳಗೆ ಓದಬಹುದಾದ ಸಾಲುಗಳು. ತಯಾರಕರ ಹೆಸರು, ತಾರೀಖು, ಎಷ್ಟನೇ ಆವೃತ್ತಿ ಎಂಬುದು. ಅದರ ಕೆಳಗೆ ಎರಡು ಗುರುತುಗಳು, ನಾಲ್ಕು ನಾಲ್ಕು ಅಕ್ಷರಗಳವು. ಮೊದಲನೆಯದು ಯಂತ್ರ ಮಾಡಿದವರದ್ದು, ಎರಡನೆಯದು ಯಂತ್ರದ ಮಾದರಿಯದ್ದು. ಫಿಟ್ಟರ್ ಬಗ್ಗಿ ಉರುಳೆಯ ಪಕ್ಕದ ಪೆಟ್ಟಿಗೆಯ ಹಿಂದೆ ಅಂಟಿಸಿದ್ದ ತಗಡಿನ ಪಟ್ಟಿಯನ್ನು ಬಟ್ಟೆಯಿಂದ ಒರೆಸಿ ಗಟ್ಟಿಯಾಗಿ ಓದಿದ. ಎಂಟಕ್ಕೆ ಎಂಟೂ ಸರಿಹೋದವು.

ಅಧಿಕಾರಿ ಕುರ್ಚಿ ಹಿಂದಕ್ಕೆ ತಳ್ಳಿ ಎದ್ದರು. ಫೋನ್ ತೆಗೆದು ಹಿಂದಿನ ದಿನ ಹೋಗಿದ್ದ ಡಿಪೋಗೆ ಕರೆ ಮಾಡಿದರು. ಆ ಕಡೆಯಿಂದ ಬಂದ ದನಿ ನಮಗೂ ಕೇಳುವಷ್ಟು ಜೋರಾಗಿತ್ತು. ಅವರು ಅಲ್ಲಿ ತೆಗೆದು ಬಂದ ಇಪ್ಪತ್ತಮೂರು ಡೀಸೆಲ್ ಪಂಪಿನ ಮೀಟರಿನದು. ನಿನ್ನೆಯಿಂದ ಅಲ್ಲಿ ಒಬ್ಬರು ಗಡಿಯಾರ ಹಿಡಿದು ಅಂದಾಜಿನ ಮೇಲೆ ಡೀಸೆಲ್ ತುಂಬಿಸುತ್ತಿದ್ದಾರೆ.

"ನನ್ನ ಕೈಗೆ ಕೊಟ್ಟಿದ್ದು ಈ ಒಂದೇ ಹಾಳೆ, ಅದರಲ್ಲಿದ್ದದ್ದನ್ನ ಮಾಡಿದೆ," ಎಂದರು ಅಧಿಕಾರಿ, ಕುರ್ಚಿಯಲ್ಲಿ ಕುಸಿದು. "ಆದರೂ ಯೋಚನೆ ಮಾಡಬೇಕಿತ್ತು. ಈಗ ನಿಜವಾದದ್ದನ್ನ ಹುಡುಕೋದು ಹೇಗೆ?"

ನಂಬರಮ್ಮ ಸುತ್ತೋಲೆಯ ಹಾಳೆಯನ್ನು ತಿರುಗಿಸಿದರು. ಮೂಲೆಯಲ್ಲಿ 'ಎರಡರಲ್ಲಿ ಒಂದು' ಎಂದಿತ್ತು. "ಇನ್ನೊಂದು ಹಾಳೆ ಎಲ್ಲಿ?"

ಎಲ್ಲರೂ ಟೈಪಿಸ್ಟನ ಮೇಜಿಗೆ ಹೋದೆವು. ಆ ಹಾಳೆ ಚಹಾ ಲೋಟದ ಕೆಳಗಿತ್ತು. "ಅದರಲ್ಲಿ ಅಕ್ಷರವೆಲ್ಲ ಕಲಸಿಹೋಗಿತ್ತು ಮೇಡಂ, ಪ್ರಿಂಟರಿಗೆ ತಲೆ ಕೆಟ್ಟಿದೆ ಅಂದ್ಕೊಂಡೆ," ಎಂದ ಟೈಪಿಸ್ಟ್. ಹಾಳೆಯಲ್ಲಿ ಇದ್ದದ್ದು ಒಂದೇ ಸಾಲು, ಅಂಕಿಗಳೂ ಅಕ್ಷರಗಳೂ ಬೆರೆತ ಅರವತ್ತನಾಲ್ಕು ಗುರುತುಗಳು.

"ಬೆರಳಚ್ಚು!" ಎಂದು ಅಧಿಕಾರಿ ಮತ್ತು ನಂಬರಮ್ಮ ಒಟ್ಟಿಗೇ ಹೇಳಿದರು.

ಫಿಟ್ಟರಿಗೆ ಅರ್ಥವಾಗಲಿಲ್ಲ, ನನಗೂ ಆಗಲಿಲ್ಲ. ನಂಬರಮ್ಮ ಬಿಡಿಸಿ ಹೇಳಿದರು. ಒಂದು ಫೈಲಿನ ಒಳಗಿರುವ ಎಲ್ಲವನ್ನೂ ಲೆಕ್ಕ ಹಾಕಿ ಹಿಂಡಿದರೆ ಇಷ್ಟುದ್ದದ ಒಂದು ಸಾಲು ಸಿಗುತ್ತದೆ. ಒಳಗೆ ಒಂದೇ ಒಂದು ಅಕ್ಷರ ಬದಲಾದರೂ ಇಡೀ ಸಾಲು ಬೇರೆಯಾಗುತ್ತದೆ. ಹೊರಗಿನ ಹೆಸರನ್ನು ಎಷ್ಟು ಸಲ ಬದಲಿಸಿದರೂ ಸಾಲು ಅದೇ ಇರುತ್ತದೆ. "ವೇಷ ಹಾಕ್ಕೊಂಡು ಬಂದವನ ಹೆಬ್ಬೆಟ್ಟು ಒತ್ತಿಸಿದ ಹಾಗೆ," ಎಂದ ಫಿಟ್ಟರ್. "ಹಾಗೇ," ಎಂದರು ಅವರು.

ಮಧ್ಯಾಹ್ನದ ಊಟ ಮುಗಿಸಿ ಕೆಲಸ ಶುರುವಾಯಿತು. ಕಂಪ್ಯೂಟರಿನ ಪ್ರತಿ ಡ್ರೈವರಿನ ಬೆರಳಚ್ಚನ್ನೂ ತೆಗೆದು ಪಟ್ಟಿ ಮಾಡುವ ಚಿಕ್ಕ ಆದೇಶವೊಂದನ್ನು ಅಧಿಕಾರಿ ಬರೆದುಕೊಟ್ಟರು. ಹೋಲಿಸುವುದನ್ನೂ ಯಂತ್ರವೇ ಮಾಡುತ್ತದೆ ಎಂದರು. ನಂಬರಮ್ಮ ಒಪ್ಪಿದರು, ಆದರೂ ಮೊದಲ ನಾಲ್ಕು ಗುರುತು ಹೊಂದುವಂಥವು ಸಿಕ್ಕರೆ ತಮ್ಮ ಕಣ್ಣಿಂದಲೇ ಕೊನೆವರೆಗೂ ನೋಡಬೇಕು ಎಂದರು. ಒಂದಾದ ಮೇಲೊಂದು ಹತ್ತು ಕಂಪ್ಯೂಟರು ಮುಗಿದವು. ಎಲ್ಲೂ ಇಲ್ಲ. ಮ್ಯಾನೇಜರು ನಿಟ್ಟುಸಿರು ಬಿಟ್ಟು, "ಹಾಗಾದರೆ ನಮ್ಮ ಡಿಪೋ ಪಾರಾಯ್ತು," ಎಂದರು.

"ಇನ್ನೂ ಒಂದಿದೆ ಸಾರ್. ನನ್ನದು."

ಸ್ಟೋರಿನ ಕಂಪ್ಯೂಟರಿನ ಪಟ್ಟಿಯಲ್ಲಿ ಒಂಬತ್ತನೇ ಸಾಲು ಬಂದಾಗ ಅವರು ಕನ್ನಡಕ ಸರಿಮಾಡಿಕೊಂಡರು. ಹಾಳೆ ಫಿಟ್ಟರನ ಕೈಯಲ್ಲಿತ್ತು. ನಾಲ್ಕು ನಾಲ್ಕಾಗಿ ಅವರು ಓದುತ್ತ ಹೋದರು, ಆತ ಪ್ರತಿ ಸಲ "ಹೂಂ" ಎನ್ನುತ್ತ ಬಂದ. ಹದಿನಾರು ಸಲ ಹೂಂ ಎಂದ. ಕೊನೆಯ ಹೂಂ ಬಹಳ ಮೆಲ್ಲಗಿತ್ತು.

ನಂಬರಮ್ಮ ಆ ಸಾಲನ್ನೇ ನೋಡುತ್ತ ಕೂತರು. ಅವರ ಕಿವಿ ಕೆಂಪಾದದ್ದನ್ನು ನಾನು ಕಂಡೆ.

"ಇದನ್ನ ಹಾಕಿದ್ದು ನಾನೇ," ಎಂದರು. "ಹೋದ ಬೇಸಿಗೇಲಿ ಇದರ ಫ್ಯಾನು ವಿಮಾನದ ಹಾಗೆ ಕೂಗ್ತಿತ್ತು. ಫ್ಯಾನಿನ ವೇಗ ತಗ್ಗಿಸೋ ಒಂದು ಪ್ರೋಗ್ರಾಂ ಬಿಟ್ಟಿಯಾಗಿ ಸಿಕ್ತು ಅಂತ ಹಾಕಿದೆ. ಅದರ ಜೊತೆ ಇದೂ ಬಂದಿದೆ. ಹೊರಗಿಂದ ಬಂದ ಪ್ರತಿ ಡಬ್ಬಿ ನಂಬರ್ ಓದೋಳು ನಾನು, ಇದನ್ನ ಮಾತ್ರ ಓದಲಿಲ್ಲ."

ಅಧಿಕಾರಿಗೆ ಮುಜುಗರವಾಯಿತು. ಬೆಳಿಗ್ಗೆ ತಮ್ಮನ್ನು ದೊಡ್ಡ ಎಡವಟ್ಟಿನಿಂದ ಉಳಿಸಿದವರು ಇವರೇ. "ಬಿಡಿಯಮ್ಮ. ವರದೀಲಿ ಯಾರು ಹಾಕಿದ್ದು ಅಂತ ಬರೆಯೋ ಅಗತ್ಯ ಇಲ್ಲ."

"ಬರೀರಿ ಸಾರ್. ಹೇಗೆ ಬಂತು ಅನ್ನೋದನ್ನ ಬರೀದಿದ್ದರೆ ಇನ್ನೊಂದು ಡಿಪೋದಲ್ಲಿ ಇನ್ನೊಬ್ಬರು ಫ್ಯಾನಿನ ಸದ್ದಿಗೆ ಇದನ್ನೇ ಹಾಕ್ತಾರೆ."

ಮುಂದಿನ ಎರಡು ಗಂಟೆ ಇಬ್ಬರೂ ಆ ಕಂಪ್ಯೂಟರನ್ನು ಜಾಲದಿಂದ ಬಿಡಿಸಿ, ಅದರ ದಿನಚರಿಯ ಫೈಲುಗಳನ್ನು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ನೋಡಿದರು. ಯಾರೂ ಆ ಬಿರುಕಿಗೆ ಕೈ ಹಾಕಿರಲಿಲ್ಲ. ಕಾವಲಿನ ಪ್ರೋಗ್ರಾಂ ಒಂದು ದಿನವೂ ಕಣ್ಣು ಮುಚ್ಚಿರಲಿಲ್ಲ. ಡ್ರೈವರನ್ನೂ ಫ್ಯಾನಿನ ಪ್ರೋಗ್ರಾಮನ್ನೂ ಬುಡಸಮೇತ ತೆಗೆದರು. ಮತ್ತೆ ಚಾಲೂ ಮಾಡಿದ್ದೇ ತಡ, ಫ್ಯಾನು ಗುಂಯ್ ಎಂದು ಕೂಗತೊಡಗಿತು. ಫಿಟ್ಟರ್ ಅದನ್ನು ಕೇಳಿಸಿಕೊಂಡು, "ಅಕ್ಕಾ, ಇದರ ಹೊಟ್ಟೆ ಒಮ್ಮೆ ಬಿಚ್ಚಿ," ಎಂದ. ಬಿಚ್ಚಿದರೆ ಒಳಗೆ ಬೆರಳು ದಪ್ಪದ ಧೂಳಿನ ಕಂಬಳಿ. ಫ್ಯಾನಿನ ರೆಕ್ಕೆಗೆ ಒಂದು ಕಡ್ಡಿ ಅಡ್ಡ ಹಿಡಿದು, ಬಸ್ಸಿನ ಫಿಲ್ಟರಿಗೆ ಗಾಳಿ ಹೊಡೆಯುವ ಪೈಪನ್ನು ಸಣ್ಣಗೆ ಇಟ್ಟು ದೂರದಿಂದ ಊದಿದ. ಫ್ಯಾನು ತಣ್ಣಗಾಯಿತು. ನಂಬರಮ್ಮ ಸೊಂಟದ ಮೇಲೆ ಕೈ ಇಟ್ಟು ನಿಂತರು. "ಹೋದ ಬೇಸಿಗೇಲೇ ನಿನ್ನ ಕರೀಬೇಕಿತ್ತಲ್ಲೋ," ಎಂದರು.

ಸಂಜೆ ಮನೆಯಲ್ಲಿ ನಡೆದದ್ದನ್ನು ಆಮೇಲೆ ಅವರ ಅತ್ತೆಯೇ ನನಗೆ ಹೇಳಿದರು. ಗಂಡ ಎಲ್ಲವನ್ನೂ ಕೇಳಿ, "ತಪ್ಪು ನಿಂದೇ ಅಂತ ನೀನಾಗೇ ಹೇಳಿದ್ಯಾ?" ಎಂದರಂತೆ.

"ಹೇಳಿದೆ."

"ನಾಳೆ ಎಲ್ಲರ ಬಾಯಲ್ಲೂ ಅದೇ ಇರುತ್ತೆ."

"ಇರಲಿ. ನಾಲ್ಕು ದಿನ ಆಡ್ಕೋತಾರೆ."

ಅತ್ತೆ ಮಧ್ಯೆ ಬಾಯಿ ಹಾಕಲಿಲ್ಲವಂತೆ. "ಅವತ್ತು ನನ್ನ ಅಗತ್ಯ ಇರಲಿಲ್ಲ," ಎಂದರು.

ಆಡಿಕೊಂಡದ್ದು ನಾಲ್ಕಲ್ಲ, ಒಂದೇ ದಿನ. ಮರುದಿನ ಡ್ರೈವರುಗಳ ವಿಶ್ರಾಂತಿ ಕೋಣೆಯಲ್ಲಿ ಒಬ್ಬ ಕಂಡಕ್ಟರ್, "ಕಳ್ಳನಿಗೆ ಬಾಗಿಲು ತೆಗೆದಿಟ್ಟಿದ್ದು ನಿನ್ನ ಹೆಂಡ್ತಿನೇ ಅಂತಲ್ಲ?" ಎಂದು ಚುಚ್ಚಿದ. ಗಂಡ ಷೂ ಲೇಸು ಕಟ್ಟುತ್ತಿದ್ದವರು ತಲೆ ಎತ್ತಿದರು. "ಹೌದು. ಹುಡುಕಿ ಮುಚ್ಚಿದ್ದೂ ಅವಳೇ. ನಿಂಗೆ ನಿನ್ನ ಟಿಕೆಟ್ ಯಂತ್ರದ ಬ್ಯಾಟರಿ ಎಲ್ಲಿದೆ ಅಂತ ಗೊತ್ತಾ?" ವಿಶ್ರಾಂತಿ ಕೋಣೆಯಲ್ಲಿ ಅವರು ಅಷ್ಟುದ್ದ ಮಾತಾಡಿದ್ದನ್ನು ನಾವು ಕೇಳಿದ್ದು ಅದೇ ಮೊದಲು. ಹಾರ್ನ್ ತಾತ ಮೇಜು ತಟ್ಟಿ ನಕ್ಕರು. ಮಾತು ಅಲ್ಲಿಗೆ ನಿಂತಿತು.

ವಾರದೊಳಗೆ ಹಳೆಯ ಸುತ್ತೋಲೆ ರದ್ದಾಗಿ ಹೊಸದು ಬಂತು. ಕನ್ನಡದ ಒಕ್ಕಣೆ ನಂಬರಮ್ಮನದೇ. ಸಂಖ್ಯೆ ನೋಡಿ ಏನನ್ನೂ ತೆಗೆಯಬೇಡಿ, ಸಂಖ್ಯೆ ಪ್ರತಿ ಕಂಪ್ಯೂಟರಿಗೂ ಬೇರೆ. ಫೈಲನ್ನು ತೆರೆದು ಯಾರದೆಂದು ಓದಿ. ಬೆರಳಚ್ಚು ಹೊಂದಿದರೆ ಮಾತ್ರ ತೆಗೆಯಿರಿ. ಈ ಡ್ರೈವರಿಗೂ ಬಸ್ ಓಡಿಸುವವರಿಗೂ ಯಾವ ಸಂಬಂಧವೂ ಇಲ್ಲ. ಕಡೆಯ ವಾಕ್ಯವನ್ನು ಹಾರ್ನ್ ತಾತನಿಗಾಗಿಯೇ ಸೇರಿಸಿದ್ದು ಎಂದು ನನಗೆ ಗೊತ್ತು. ಹದಿನೇಳು ಡಿಪೋಗಳಲ್ಲಿ ಹುಡುಕಿದಾಗ ಇನ್ನೂ ಮೂರು ಕಡೆ ಅದೇ ಡ್ರೈವರು ಸಿಕ್ಕಿತು. ಒಂದು ಕಡೆ ಆರನೇ ಸಂಖ್ಯೆ, ಇನ್ನೊಂದು ಕಡೆ ಮೂವತ್ತೊಂದು, ಮತ್ತೊಂದು ಕಡೆ ಹದಿನಾಲ್ಕು. ಒಂದೂ ಇಪ್ಪತ್ತಮೂರಾಗಿರಲಿಲ್ಲ.

ಹೆಡ್ ಆಫೀಸಿನವರು ಖಾಯಂ ಆಗಿ ಬನ್ನಿ ಎಂದು ಕರೆದರು. ನಂಬರಮ್ಮ ವಾರಕ್ಕೆ ಎರಡು ದಿನ ಮಾತ್ರ ಬರುತ್ತೇನೆ ಎಂದರು. ಸ್ಟೋರು ಬಿಟ್ಟುಕೊಡಲು ಅವರಿಗೆ ಮನಸ್ಸಿರಲಿಲ್ಲ. ಹೀಗೆ ಒಂಬತ್ತು ವರ್ಷ ನಡೆಯಿತು. ಹೊಸದಾಗಿ ಒಂದು ಡ್ರೈವರಿನಲ್ಲಿ ಬಿರುಕು ಸಿಕ್ಕಿತೆಂದು ಪಟ್ಟಿ ಬಂದಾಗಲೆಲ್ಲ ಅಧಿಕಾರಿ ಮೊದಲು ಇವರಿಗೆ ಫೋನ್ ಮಾಡುತ್ತಿದ್ದರು. ಟೈಪಿಸ್ಟ್ ಕೂಡ ಅವರ ಬಳಿ ಕಲಿತು ಗಟ್ಟಿಗನಾದ. ಈಗ ಡಿಪೋದ ಕಂಪ್ಯೂಟರುಗಳು ಅವನ ಸುಪರ್ದಿಯಲ್ಲಿವೆ, ಎರಡನೇ ಹಾಳೆಯನ್ನು ಅವನು ಮೊದಲು ಓದುತ್ತಾನೆ.

ಅವರು ನಿವೃತ್ತರಾಗಿ ಒಂದು ವರ್ಷವಾಯಿತು. ಕಳೆದ ವಾರ ಬಸ್ ನಿಲ್ದಾಣದಲ್ಲಿ ಸಿಕ್ಕಿದರು. ಕೈಯಲ್ಲಿ ಬಟ್ಟೆಯ ಚೀಲ, ಕೊರಳಲ್ಲಿ ದಾರಕ್ಕೆ ಕಟ್ಟಿದ ಕನ್ನಡಕ.

"ಎಲ್ಲಿಗೆ ಸವಾರಿ?" ಎಂದೆ.

"ಆಸ್ಪತ್ರೆಗೆ ಅಣ್ಣ. ಮೈಗೇನೂ ಆಗಿಲ್ಲ, ಹೆದರಬೇಡಿ. ಅವರ ಎಕ್ಸ್-ರೇ ಯಂತ್ರದ ಕಂಪ್ಯೂಟರಲ್ಲಿ ಯಾವುದೋ ಫೈಲ್ ನೋಡಿ ಗಾಬರಿ ಬಿದ್ದಿದಾರಂತೆ. ಅಳಿಸಬೇಡಿ, ನಾನು ಬರೋವರೆಗೆ ಕೈ ಕಟ್ಟಿ ಕೂತಿರಿ ಅಂತ ಹೇಳಿದೀನಿ."

ಬಸ್ಸು ಬಂತು. ನೂಕುನುಗ್ಗಲಿನಲ್ಲೂ ಕಿಟಕಿ ಪಕ್ಕದ ಸೀಟು ಹಿಡಿದು, ಚೀಲವನ್ನು ತೊಡೆಯ ಮೇಲೆ ಇಟ್ಟುಕೊಂಡು ಹೊರಟುಹೋದರು.